ಒದೆತಕ್ಕೂ ಪೆಟ್ಟಿಗೂ ನಡುವೆ ಒಂದು ಕತ್ತರಿ

ರೋಮಿನ ಕಲೋಸಿಯಮ್ಮಿನಲ್ಲಿ ಬ್ರೂಸ್ ಲೀ ಮತ್ತು ಚಕ್ ನಾರಿಸ್ ಎದುರುಬದುರಾಗಿದ್ದಾರೆ. ಒಬ್ಬ ಕತ್ತು ತಿರುವಿ ಮೈ ಸಡಿಲಿಸಿಕೊಳ್ಳುತ್ತಾನೆ, ಇನ್ನೊಬ್ಬ ಬೆರಳ ನೆಟಿಗೆ ಮುರಿಯುತ್ತಾನೆ. ಯಾರಿಗೂ ಆತುರವಿಲ್ಲ. ನಡುನಡುವೆ ಒಂದು ಬೆಕ್ಕಿನ ಮರಿ ಕಾಣಿಸುತ್ತದೆ. ಅದು ಆಡುತ್ತದೆ, ಕೂಗುತ್ತದೆ, ಇವರನ್ನು ನೋಡುತ್ತದೆ. ಆಮೇಲೆ ಕಾಳಗ ಶುರುವಾಗುತ್ತದೆ. 1972ರ ಡಿಸೆಂಬರ್ ಕೊನೆಯಲ್ಲಿ ಹಾಂಗ್‌ಕಾಂಗಿನಲ್ಲಿ ತೆರೆಕಂಡ ‘ದಿ ವೇ ಆಫ್ ದಿ ಡ್ರ್ಯಾಗನ್’ ಚಿತ್ರದ ಈ ದೃಶ್ಯವನ್ನು ಇವತ್ತಿಗೂ ಜನ ಮತ್ತೆ ಮತ್ತೆ ಹಾಕಿಕೊಂಡು ನೋಡುತ್ತಾರೆ. ನೋಡುವವರಲ್ಲಿ ಹೆಚ್ಚಿನವರಿಗೆ ಹೊಳೆಯದ ಸಂಗತಿ ಒಂದಿದೆ. ಆ ಹೊಡೆದಾಟದ ಬಹುಪಾಲು ರೋಮಿನಲ್ಲಿ ನಡೆದೇ ಇಲ್ಲ. ನಿಜವಾದ ಕಲೋಸಿಯಮ್ಮಿನಲ್ಲಿ ಕದ್ದುಮುಚ್ಚಿ ತೆಗೆದದ್ದು ಒಂದಷ್ಟು ಶಾಟ್‌ಗಳು ಮಾತ್ರ. ಉಳಿದದ್ದು ಹಾಂಗ್‌ಕಾಂಗಿನ ಗೋಲ್ಡನ್ ಹಾರ್ವೆಸ್ಟ್ ಸ್ಟುಡಿಯೋದಲ್ಲಿ, ಬಣ್ಣ ಬಳಿದ ಪರದೆಯ ಮುಂದೆ ಆದದ್ದು. ಎರಡು ಖಂಡಗಳ ತುಣುಕುಗಳನ್ನು ಒಂದೇ ಕಮಾನಿನ ಕೆಳಗೆ ತಂದು ಕೂರಿಸಿದ್ದು ಸಂಕಲನದ ಮೇಜು. ಆ ಮೇಜಿನ ಮುಂದೆ ಕೂತಿದ್ದವರು ಪೀಟರ್ ಚೆಯುಂಗ್.

ಚೆಯುಂಗ್ ಹೆಸರು ನಮ್ಮಲ್ಲಿ ಯಾರಿಗೂ ಗೊತ್ತಿಲ್ಲ. ಹಾಂಗ್‌ಕಾಂಗಿನಲ್ಲೂ ಸಿನಿಮಾ ಹುಚ್ಚಿನವರಿಗಷ್ಟೇ ಗೊತ್ತು. ಆದರೆ ಬ್ರೂಸ್ ಲೀಯ ‘ಫಿಸ್ಟ್ ಆಫ್ ಫ್ಯೂರಿ’, ಸ್ಯಾಮೊ ಹುಂಗ್‌ನ ‘ದಿ ಪ್ರಾಡಿಗಲ್ ಸನ್’, ಜಾಕಿ ಚಾನ್‌ನ ‘ಪ್ರಾಜೆಕ್ಟ್ ಎ’, ‘ಪೊಲೀಸ್ ಸ್ಟೋರಿ’, ‘ಡ್ರಂಕನ್ ಮಾಸ್ಟರ್ 2’ ಇಷ್ಟಕ್ಕೂ ಸಂಕಲನ ಅವರದೇ. ಒಂದು ಪ್ರಕಾರದ ಸಿನಿಮಾ ಹುಟ್ಟಿ, ಬೆಳೆದು, ಜಗತ್ತನ್ನು ಸುತ್ತಿ ಬಂದ ಇಪ್ಪತ್ತು ಚಿಲ್ಲರೆ ವರ್ಷಗಳು ಒಬ್ಬರ ಕೈಯ ಕೆಳಗೆ ಹಾದುಹೋದವು ಎಂದರೆ ಉತ್ಪ್ರೇಕ್ಷೆಯಲ್ಲ.

ಕಥೆ ಮಾತ್ರ ಅವರಿಗಿಂತ ಮೊದಲೇ, ಇನ್ನೊಂದು ಸ್ಟುಡಿಯೋದಲ್ಲಿ ಶುರುವಾಗುತ್ತದೆ.

1957ರಲ್ಲಿ ರನ್ ರನ್ ಶಾ ಸಿಂಗಪುರದಿಂದ ಹಾಂಗ್‌ಕಾಂಗಿಗೆ ಬಂದರು. ಕುಟುಂಬದ ಚಿತ್ರಮಂದಿರಗಳು ಆಗ್ನೇಯ ಏಷ್ಯಾದ ತುಂಬ ಇದ್ದವು. ಅವುಗಳಿಗೆ ತಪ್ಪದೆ ಸಿನಿಮಾ ಒದಗಿಸಬೇಕಿತ್ತು. ಕ್ಲಿಯರ್‌ವಾಟರ್ ಬೇ ಎಂಬಲ್ಲಿ ಗುಡ್ಡ ಕಡಿದು ಕಟ್ಟಿದ ‘ಮೂವೀಟೌನ್’ 1961ರ ಕೊನೆಗೆ ತೆರೆಯಿತು. ಸೆಟ್ಟು, ಲ್ಯಾಬು, ಡಬ್ಬಿಂಗ್ ಕೋಣೆ, ನಟನಟಿಯರ ವಸತಿ ಎಲ್ಲವೂ ಒಂದೇ ಆವರಣದೊಳಗೆ. ವರ್ಷಕ್ಕೆ ಮೂವತ್ತು ನಲವತ್ತು ಚಿತ್ರ ಹೊರಬೀಳುತ್ತಿದ್ದ ಶಾ ಬ್ರದರ್ಸ್ ಎಂಬ ಈ ಕಾರ್ಖಾನೆಯಲ್ಲಿ ಸಂಕಲನದ ಹಿರಿತಲೆ ಚಿಯಾಂಗ್ ಶಿಂಗ್‌ಲುಂಗ್. ಅವರ ಹೆಸರಿರುವ ಚಿತ್ರಗಳು ನೂರಾರು. ನಿರ್ದೇಶಕರು ಬದಲಾದರು, ನಟರು ಬದಲಾದರು, ಶೀರ್ಷಿಕೆಯ ಆ ಒಂದು ಸಾಲು ಮಾತ್ರ ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಹಾಗೇ ಉಳಿಯಿತು.

ಮಜಾ ಏನೆಂದರೆ ಚಿಯಾಂಗ್‌ಗೆ ಮೊದಲು ಹೆಸರು ತಂದದ್ದು ಹೊಡೆದಾಟವಲ್ಲ, ಹಾಡು. 1963ರ ‘ದಿ ಲವ್ ಇಟರ್ನ್’ ಚೀನೀ ಜನಪದ ಪ್ರೇಮಕಥೆಯ ಮೇಲೆ ಕಟ್ಟಿದ ಸಂಗೀತ ಚಿತ್ರ. ತೈವಾನಿನ ಜನ ಅದಕ್ಕೆ ಮರುಳಾದರು. ಅಲ್ಲಿನ ಗೋಲ್ಡನ್ ಹಾರ್ಸ್ ಪ್ರಶಸ್ತಿಗಳಲ್ಲಿ ಸಂಕಲನದ ಪ್ರಶಸ್ತಿ ಚಿಯಾಂಗ್‌ಗೆ ಬಂತು. ಹಾಡಿನ ಚಿತ್ರದಿಂದ ಕತ್ತಿಯ ಚಿತ್ರಕ್ಕೆ ದಾಟುವುದು ನಾವಂದುಕೊಂಡಷ್ಟು ದೂರದ ಹಾರಾಟವಲ್ಲ. ಚೀನೀ ರಂಗಭೂಮಿಯಲ್ಲಿ ಕಾಳಗವೂ ತಾಳಕ್ಕೇ ನಡೆಯುವಂಥದ್ದು. ಸರಸರನೆ ನಾಲ್ಕು ಚಲನೆ, ತಾಳದ ಪೆಟ್ಟು, ಒಂದು ನಿಲುವು. ಯಕ್ಷಗಾನದಲ್ಲಿ ಚೆಂಡೆಯ ಪೆಟ್ಟಿಗೆ ವೇಷಧಾರಿ ಗಕ್ಕನೆ ನಿಂತು ಸಭೆಯನ್ನು ದಿಟ್ಟಿಸುತ್ತಾನಲ್ಲ, ಹಾಗೆ. ಆ ನಿಲುಗಡೆ ಇಲ್ಲದಿದ್ದರೆ ಹಿಂದಿನ ಓಟಕ್ಕೆ ಬೆಲೆ ಬಾರದು. ಹಾಂಗ್‌ಕಾಂಗ್ ಸಿನಿಮಾದ ಬಗ್ಗೆ ಬಹಳ ಬರೆದ ಅಮೆರಿಕದ ವಿದ್ವಾಂಸ ಡೇವಿಡ್ ಬೋರ್ಡ್‌ವೆಲ್ ಈ ಲಯವನ್ನೇ ಆ ಚಿತ್ರಗಳ ಬೆನ್ನೆಲುಬು ಎಂದು ಗುರುತಿಸಿದ್ದಾರೆ: ನಿಲುಗಡೆ, ಸ್ಫೋಟ, ಮತ್ತೆ ನಿಲುಗಡೆ.

1966ರಲ್ಲಿ ಕಿಂಗ್ ಹು ನಿರ್ದೇಶಿಸಿದ ‘ಕಮ್ ಡ್ರಿಂಕ್ ವಿತ್ ಮಿ’ ಚಿಯಾಂಗ್ ಮೇಜಿಗೆ ಬಂತು. ನಾಯಕಿ ಚೆಂಗ್ ಪೇಪೇ ಬ್ಯಾಲೆ ಕಲಿತ ಇಪ್ಪತ್ತರ ಹುಡುಗಿ. ನಿರ್ದೇಶಕ ಕಿಂಗ್ ಹುಗೂ ಕತ್ತಿವರಸೆ ಬರುತ್ತಿರಲಿಲ್ಲ. ಅವರಿಗೆ ಬೇಕಿದ್ದದ್ದು ನೃತ್ಯ. ವಸತಿಗೃಹದ ದೃಶ್ಯದಲ್ಲಿ ಡಕಾಯಿತರು ಸುತ್ತುವರಿದರೂ ಅವಳು ಕೂತಲ್ಲಿಂದ ಅಲುಗುವುದಿಲ್ಲ. ಕಣ್ಣು ಮಾತ್ರ ಹೊರಳುತ್ತದೆ. ಯಾವನೋ ಏನನ್ನೋ ಎಸೆಯುತ್ತಾನೆ, ಅವಳ ಕೈ ಯಾವಾಗ ಮೇಲೆದ್ದಿತೋ ಕಾಣುವುದೇ ಇಲ್ಲ, ಎಸೆದವನು ಕಕ್ಕಾಬಿಕ್ಕಿ. ಕೈ ಮೇಲೇಳುವುದನ್ನು ತೋರಿಸದೆ ಬಿಟ್ಟದ್ದರಲ್ಲೇ ಅವಳ ಶಕ್ತಿ ಇರುವುದು. ಕಣ್ಣು ಹಿಂಬಾಲಿಸಲಾಗದಷ್ಟು ವೇಗ ಎನ್ನುವುದನ್ನು ಕ್ಯಾಮೆರಾ ತೋರಿಸಲಾರದು, ತೋರಿಸಿದರೆ ಕಣ್ಣು ಹಿಂಬಾಲಿಸಿಬಿಡುತ್ತದೆ. ಕತ್ತರಿಯಿಂದ ಮಾತ್ರ ಅದು ಸಾಧ್ಯ.

ಕಿಂಗ್ ಹು ಶಾ ಬ್ರದರ್ಸ್ ಬಿಟ್ಟು ತೈವಾನಿಗೆ ಹೋದರು. ಅಲ್ಲಿ ‘ಎ ಟಚ್ ಆಫ್ ಝೆನ್’ ಚಿತ್ರದಲ್ಲಿ ಈ ಹಾದಿಯ ತುತ್ತತುದಿ ಮುಟ್ಟಿದರು. ಬಿದಿರು ಮೆಳೆಯ ಕಾಳಗದಲ್ಲಿ ನಾಯಕಿ ಮರದೆತ್ತರದಿಂದ ತಲೆಕೆಳಗಾಗಿ ಶತ್ರುವಿನ ಮೇಲೆ ಎರಗುತ್ತಾಳೆ. ಮನುಷ್ಯರಾದವರು ಹಾಗೆ ಎರಗಲಾರರು. ನೆಗೆದದ್ದು ಒಂದು ಶಾಟ್, ಗಾಳಿಯಲ್ಲಿದ್ದದ್ದು ಇನ್ನೊಂದು, ಇಳಿದದ್ದು ಮತ್ತೊಂದು, ಪ್ರತಿಯೊಂದೂ ಕಣ್ಣು ರೆಪ್ಪೆ ಹೊಡೆಯುವಷ್ಟು ಚಿಕ್ಕದು. ಈ ಚಿತ್ರದ ಸಂಕಲನದಲ್ಲಿ ಕಿಂಗ್ ಹು ತಾವೇ ಕೂತಿದ್ದರು. 1975ರ ಕಾನ್ ಚಿತ್ರೋತ್ಸವದಲ್ಲಿ ಅದಕ್ಕೆ ತಾಂತ್ರಿಕ ಶ್ರೇಷ್ಠತೆಯ ಪ್ರಶಸ್ತಿ ಸಿಕ್ಕಿತು.

ಶಾ ಬ್ರದರ್ಸ್‌ನಲ್ಲಿ ಉಳಿದ ಚಿಯಾಂಗ್‌ಗೆ ಎದುರಾದವರು ಚಾಂಗ್ ಚೆ. ಇವರದು ಬೇರೆಯೇ ಜಾತಿ. ಗಂಡಸರ ಸ್ನೇಹ, ಹರಿಯುವ ರಕ್ತ, ನಿಂತೇ ಸಾಯುವ ನಾಯಕ. 1967ರ ‘ಒನ್ ಆರ್ಮ್ಡ್ ಸ್ವೋರ್ಡ್ಸ್‌ಮನ್’ ಹಾಂಗ್‌ಕಾಂಗಿನಲ್ಲಿ ಹತ್ತು ಲಕ್ಷ ಡಾಲರ್ ಗಳಿಕೆ ದಾಟಿ ಚಾಂಗ್ ಚೆಗೆ ‘ಮಿಲಿಯನ್ ಡಾಲರ್ ನಿರ್ದೇಶಕ’ ಎಂಬ ಬಿರುದು ತಂದಿತು. ಅದರ ಸಂಕಲನವೂ ಚಿಯಾಂಗ್‌ದೇ. ಹೊಡೆದಾಟ ಹೆಣೆದವರಲ್ಲಿ ಒಬ್ಬರು ಲಾವ್ ಕಾರ್‌ಲಿಯುಂಗ್. ಮುಂದೆ ಲಾವ್ ತಾವೇ ನಿರ್ದೇಶಕರಾಗಿ 1978ರಲ್ಲಿ ‘ದಿ 36ತ್ ಚೇಂಬರ್ ಆಫ್ ಶಾವೊಲಿನ್’ ಮಾಡಿದಾಗ ಚಿಯಾಂಗ್ ಜೊತೆಗೆ ಲಿ ಯೆನ್‌ಹಾಯ್ ಸಂಕಲನಕ್ಕೆ ಕೂತರು. ಈ ಚಿತ್ರ ನನ್ನ ಮಟ್ಟಿಗೆ ಚಿಯಾಂಗ್ ವೃತ್ತಿಜೀವನದ ಶಿಖರ. ನಡುವಿನ ದೀರ್ಘ ಭಾಗದಲ್ಲಿ ಕಥೆಯೇ ಇಲ್ಲ, ಬರೀ ಕಲಿಕೆ. ಚಾಚಿದ ಎರಡು ಕೈಗಳಲ್ಲಿ ನೀರಿನ ಬಕೆಟ್ಟು, ತೋಳಿಗೆ ಕಟ್ಟಿದ ಚೂರಿ. ಕೈ ಇಳಿದರೆ ಚೂರಿ ಪಕ್ಕೆಗೆ ಚುಚ್ಚುತ್ತದೆ. ಮೊದಲ ಸಲ ಆ ಭಾರವನ್ನು ನಾವೂ ಹೊರುವಷ್ಟು ಹೊತ್ತು ಶಾಟ್ ನಿಲ್ಲುತ್ತದೆ. ಆಮೇಲಾಮೇಲೆ ತುಣುಕುಗಳು ಚಿಕ್ಕದಾಗುತ್ತ ಬರುತ್ತವೆ. ವರ್ಷಗಳು ಕಳೆದವೆಂದು ಯಾರೂ ಹೇಳಬೇಕಾಗಿಲ್ಲ. ಹೊಡೆದಾಟವನ್ನು ಚುರುಕುಗೊಳಿಸುವುದು ಯಾವ ಸಂಕಲನಕಾರನಿಗೂ ಬರುತ್ತದೆ. ಬೇಸರ ಹುಟ್ಟಿಸದೆ ಬೇಸರವನ್ನು ತೋರಿಸುವುದು ಕಷ್ಟದ ಕೆಲಸ.

ಈ ಚಿತ್ರಗಳ ತಯಾರಿಕೆಯ ಬಗ್ಗೆ ಎರಡು ಮಾತು ಹೇಳದಿದ್ದರೆ ಮುಂದಿನದು ಅರ್ಥವಾಗಲಿಕ್ಕಿಲ್ಲ. ಹಾಲಿವುಡ್‌ನಲ್ಲಿ ಒಂದು ದೃಶ್ಯವನ್ನು ಮೊದಲು ದೂರದಿಂದ ಪೂರ್ತಿ ತೆಗೆದು, ಮತ್ತೆ ಹತ್ತಿರದಿಂದ, ಎಡದಿಂದ, ಬಲದಿಂದ ತೆಗೆಯುತ್ತಾರೆ. ಸಂಕಲನಕಾರನ ಮುಂದೆ ಆಯ್ಕೆಯ ರಾಶಿ ಬೀಳುತ್ತದೆ. ಹಾಂಗ್‌ಕಾಂಗಿನ ಹೊಡೆದಾಟಕ್ಕೆ ಆ ಪದ್ಧತಿ ಒಗ್ಗಲಿಲ್ಲ. ಫೈಟ್ ಮಾಸ್ಟರ್ ಸೆಟ್ಟಿನಲ್ಲೇ ನಾಲ್ಕೈದು ಚಲನೆ ಹೆಣೆದು, ಅದಕ್ಕೆ ತಕ್ಕ ಜಾಗದಲ್ಲಿ ಕ್ಯಾಮೆರಾ ಇಟ್ಟು, ಅಷ್ಟನ್ನೇ ತೆಗೆಯುವುದು. ನಿಲ್ಲಿಸು. ಮುಂದಿನ ನಾಲ್ಕು ಚಲನೆ, ಕ್ಯಾಮೆರಾ ಬೇರೆ ಕಡೆ. ಹೀಗೆ ತುಂಡು ತುಂಡಾಗಿ ಬಂದದ್ದರಲ್ಲಿ ಹೆಚ್ಚುವರಿ ಏನೂ ಇರುತ್ತಿರಲಿಲ್ಲ. ಯಾವ ತುಂಡಿನ ಮುಂದೆ ಯಾವುದು ಎಂಬುದು ಮೊದಲೇ ನಿರ್ಧಾರ. ಸಂಕಲನಕಾರನ ಪಾಲಿಗೆ ಉಳಿಯುತ್ತಿದ್ದದ್ದು ಎಲ್ಲಿ ಕತ್ತರಿಸಬೇಕು ಎಂಬ ಒಂದೇ ಪ್ರಶ್ನೆ, ಅದೂ ಫ್ರೇಮಿನ ಲೆಕ್ಕದಲ್ಲಿ. ಸೆಕೆಂಡಿಗೆ 24 ಫ್ರೇಮು. ಚಿತ್ರೀಕರಣ ಮೂಕಿಯಾಗಿ ನಡೆಯುತ್ತಿತ್ತು. ಮಾತು, ಬೀಸಿನ ಸುಯ್ ಸದ್ದು, ಪೆಟ್ಟಿನ ಶಬ್ದ ಎಲ್ಲ ಆಮೇಲೆ. ಕ್ಯಾಮೆರಾವನ್ನು 22 ಅಥವಾ 20 ಫ್ರೇಮಿಗೆ ನಿಧಾನಿಸಿ ತೆಗೆದು ತೆರೆಯ ಮೇಲೆ ವೇಗ ಹೆಚ್ಚಿಸುವುದೂ ಮಾಮೂಲಿ.

ಇಲ್ಲೊಂದು ಕೈಚಳಕವಿದೆ. ದೂರದ ಶಾಟ್‌ನಲ್ಲಿ ಕಾಲು ಬೀಸಿ ಬರುತ್ತದೆ, ಹತ್ತಿರದ ಶಾಟ್‌ನಲ್ಲಿ ಎದೆಗೆ ಬೀಳುತ್ತದೆ ಅಂದುಕೊಳ್ಳಿ. ಚಲನೆ ಸರಿಯಾಗಿ ಮುಂದುವರಿಯಬೇಕಾದರೆ ಮೊದಲ ಶಾಟ್ ಎಲ್ಲಿ ಮುಗಿಯಿತೋ ಅಲ್ಲಿಂದಲೇ ಎರಡನೆಯದು ಶುರುವಾಗಬೇಕು. ಹಾಂಗ್‌ಕಾಂಗಿನವರು ಹಾಗೆ ಮಾಡಲಿಲ್ಲ. ಎರಡನೆಯ ಶಾಟನ್ನು ಎರಡು ಮೂರು ಫ್ರೇಮು ಹಿಂದಿನಿಂದ ಹಿಡಿದರು. ಅಂದರೆ ಕಾಲು ಬಂದಷ್ಟು ಬಂದು, ಕೂದಲೆಳೆಯಷ್ಟು ಹಿಂದೆ ಸರಿದು, ಮತ್ತೆ ಬಂದು ಬೀಳುತ್ತದೆ. ಲೆಕ್ಕಕ್ಕೆ ಇದು ತಪ್ಪು. ಆದರೆ ಹೊಸ ಶಾಟ್ ಬಂದೊಡನೆ ಎಲ್ಲಿ ನೋಡಬೇಕೆಂದು ಹುಡುಕಲು ಕಣ್ಣಿಗೆ ಒಂದೆರಡು ಫ್ರೇಮು ಬೇಕು. ಆ ಹುಡುಕಾಟದಲ್ಲಿ ಪೆಟ್ಟು ಕಳೆದುಹೋಗಬಾರದೆಂದು ಈ ಉಪಾಯ. ಪ್ರೇಕ್ಷಕನಿಗೆ ಪುನರಾವರ್ತನೆ ಗೊತ್ತಾಗುವುದಿಲ್ಲ, ಪೆಟ್ಟು ಮಾತ್ರ ಎರಡರಷ್ಟು ತಾಗುತ್ತದೆ.

1970ರಲ್ಲಿ ಶಾ ಬ್ರದರ್ಸ್‌ನ ಹಿರಿಯ ಅಧಿಕಾರಿ ರೇಮಂಡ್ ಚೌ ಹೊರಬಂದು ಗೋಲ್ಡನ್ ಹಾರ್ವೆಸ್ಟ್ ಕಟ್ಟಿದರು. ಅಮೆರಿಕದಿಂದ ಮರಳಿದ್ದ ಬ್ರೂಸ್ ಲೀ ಶಾ ಕೊಡಲು ಬಂದ ಕಡಿಮೆ ಸಂಬಳದ ಕರಾರು ತಿರಸ್ಕರಿಸಿ ಚೌ ಕಡೆ ಸೇರಿಕೊಂಡ. 1972ರ ಮಾರ್ಚ್‌ನಲ್ಲಿ ಬಂದ ‘ಫಿಸ್ಟ್ ಆಫ್ ಫ್ಯೂರಿ’ಯನ್ನು ಲೋ ವೇ ನಿರ್ದೇಶಿಸಿದರು, ಚೆಯುಂಗ್ ಸಂಕಲಿಸಿದರು. ಗುರುವನ್ನು ಕೊಂದವರ ಮೇಲೆ ಸೇಡು ತೀರಿಸಿಕೊಂಡ ನಾಯಕ ಕೊನೆಗೆ ಬಂದೂಕುಗಳ ಸಾಲಿನತ್ತ ಓಡಿ ನೆಗೆಯುತ್ತಾನೆ. ಅವನು ಗಾಳಿಯಲ್ಲಿರುವಾಗಲೇ ಚಿತ್ರ ಸ್ತಬ್ಧವಾಗುತ್ತದೆ, ಗುಂಡಿನ ಸದ್ದು ಕೇಳುತ್ತದೆ. ಅವನು ಬೀಳುವುದನ್ನು ತೋರಿಸಿದ್ದರೆ ಅದೊಂದು ಸಾವು ಅಷ್ಟೇ ಆಗುತ್ತಿತ್ತು.

ಅದೇ ಚಿತ್ರದಲ್ಲಿ ಇನ್ನೊಂದು ಶಾಟ್ ಇದೆ. ಜಪಾನೀ ಖಳನಾಯಕ ಲೀಯ ಒದೆತಕ್ಕೆ ಗೋಡೆ ಒಡೆದುಕೊಂಡು ಅಂಗಳಕ್ಕೆ ಹಾರಿ ಬೀಳುತ್ತಾನೆ. ಬಿದ್ದವನು ಖಳನಾಯಕನಲ್ಲ, ಅವನ ಡೂಪ್. ಪೀಕಿಂಗ್ ಆಪೆರಾ ಶಾಲೆಯಲ್ಲಿ ಬೆಳೆದ ಆ ಹುಡುಗನ ಹೆಸರು ಆಗ ಯಾವ ಪಟ್ಟಿಯಲ್ಲೂ ಇರಲಿಲ್ಲ. ಜಾಕಿ ಚಾನ್ ಅವನು. ಮುಂದಿನ ಎರಡು ದಶಕ ಯಾರ ಮೈಯ ಪೆಟ್ಟುಗಳನ್ನು ಎಣಿಸಿ ಜೋಡಿಸಬೇಕಿತ್ತೋ ಅವನ ಮೊದಲ ಪೆಟ್ಟುಗಳಲ್ಲಿ ಒಂದನ್ನು ಚೆಯುಂಗ್ ಹೀಗೆ, ಗುರುತು ಪರಿಚಯವಿಲ್ಲದೆ, ಕತ್ತರಿಸಿ ಅಂಟಿಸಿದ್ದರು.

ಲೀಯ ವಿಷಯದಲ್ಲಿ ಸಂಕಲನದ ಸಮಸ್ಯೆ ತಲೆಕೆಳಗು. ಉಳಿದವರಿಗೆ ಇಲ್ಲದ ವೇಗವನ್ನು ಹುಟ್ಟಿಸಬೇಕು, ಇವನಿಗೆ ಇರುವ ವೇಗ ಕಾಣುವಂತೆ ಮಾಡಬೇಕು. ಕಲೋಸಿಯಮ್ಮಿನ ಕಾಳಗದಲ್ಲಿ ತಲೆಯಿಂದ ಕಾಲಿನವರೆಗೆ ಮೈ ಪೂರ್ತಿ ಕಾಣುವ ಶಾಟ್‌ಗಳೇ ಹೆಚ್ಚು, ಅವು ನಿಲ್ಲುವುದೂ ಹೆಚ್ಚು ಹೊತ್ತು. ನಡುವೆ ನಿಧಾನಗತಿಯ ತುಣುಕು ಬಂದು ಮರುಕ್ಷಣವೇ ಮಾಮೂಲಿ ಗತಿ ಮರಳಿದಾಗ ಅವನ ಕಾಲು ಮಿಂಚುತ್ತದೆ. ಕ್ಯಾಮೆರಾ ಹಿಡಿದವರು ಜಪಾನಿನ ನಿಶಿಮೊಟೊ ತದಾಶಿ. ‘ದಿ ಲವ್ ಇಟರ್ನ್’, ‘ಕಮ್ ಡ್ರಿಂಕ್ ವಿತ್ ಮಿ’ ಎರಡನ್ನೂ ತೆಗೆದವರು ಇವರೇ. ಎರಡು ಸ್ಟುಡಿಯೋಗಳ ಜಗಳ ಮಾಲೀಕರ ಮಟ್ಟದ್ದು, ಕಸಬು ಮಾತ್ರ ಬೇಲಿ ಹಾರಿ ಓಡಾಡುತ್ತಿತ್ತು.

1973ರ ಜುಲೈ 20ರಂದು ಲೀ ತೀರಿಕೊಂಡ. ಅವನು ಅರ್ಧಕ್ಕೆ ಬಿಟ್ಟಿದ್ದ ‘ಗೇಮ್ ಆಫ್ ಡೆತ್’ ಚಿತ್ರವನ್ನು 1978ರಲ್ಲಿ ರಾಬರ್ಟ್ ಕ್ಲೌಸ್ ನಿರ್ದೇಶನದಲ್ಲಿ ಹೊಸ ಕಥೆ ಕಟ್ಟಿ ಮುಗಿಸಿದರು. ಸಂಕಲನ ಕಲೆ ಎಷ್ಟು ದೂರ ಹೋಗಬಾರದು ಎಂಬುದಕ್ಕೆ ಇದು ಪಾಠ. ಲೀ ತಾನೇ ತೆಗೆದಿಟ್ಟಿದ್ದರಲ್ಲಿ ಬಳಸಿದ್ದು ಹತ್ತು ಹನ್ನೆರಡು ನಿಮಿಷ. ಉಳಿದದ್ದಕ್ಕೆ ಕಪ್ಪು ಕನ್ನಡಕದ ಡೂಪ್‌ಗಳು, ಹಳೆಯ ಚಿತ್ರಗಳಿಂದ ಎತ್ತಿದ ಮುಖದ ತುಣುಕುಗಳು. ಒಂದು ಕಡೆ ಕನ್ನಡಿಯ ಮೇಲೆ ಲೀಯ ಮುಖದ ಕಾಗದದ ಚಿತ್ರ ಅಂಟಿಸಿದ್ದಾರೆ, ಕೆಳಗೆ ಇನ್ನಾರದೋ ಮೈ! ಅವನ ನಿಜವಾದ ಶವಸಂಸ್ಕಾರದ ದೃಶ್ಯಗಳನ್ನೂ ಕಥೆಗೆ ಸೇರಿಸಿದರು. ನೋಡುತ್ತಿದ್ದರೆ ಸಂಕಟವಾಗುತ್ತದೆ. ಕೊನೆಯಲ್ಲಿ ಹಳದಿ ಉಡುಪಿನ ನಿಜವಾದ ಲೀ ಬಂದೊಡನೆ ತೆರೆಗೆ ಜೀವ ಬರುತ್ತದೆ.

ಇಂಥದ್ದೇ ಆಪತ್ತು ಹತ್ತು ವರ್ಷದ ಮೇಲೆ ಚಿಯಾಂಗ್ ಪಾಲಿಗೂ ಬಂತು. ಲಾವ್ ಕಾರ್‌ಲಿಯುಂಗ್ ನಿರ್ದೇಶನದ ‘ದಿ ಎಯ್ಟ್ ಡಯಾಗ್ರಾಮ್ ಪೋಲ್ ಫೈಟರ್’ ಚಿತ್ರೀಕರಣದ ನಡುವೆಯೇ, 1983ರ ಜುಲೈನಲ್ಲಿ, ಮುಖ್ಯ ನಟ ಅಲೆಕ್ಸಾಂಡರ್ ಫು ಶೆಂಗ್ ಕಾರು ಅಪಘಾತದಲ್ಲಿ ಸತ್ತ. ಶಾ ಬ್ರದರ್ಸ್‌ನವರು ಡೂಪ್ ಹುಡುಕಲಿಲ್ಲ. ಕಥೆ ತಿದ್ದಿದರು. ಫು ಶೆಂಗ್‌ನ ಪಾತ್ರ, ಯುದ್ಧದಲ್ಲಿ ಅಣ್ಣತಮ್ಮಂದಿರನ್ನು ಕಳೆದುಕೊಂಡು ಬುದ್ಧಿ ಕಲಕಿದ ತಮ್ಮ, ಚಿತ್ರದ ನಡುವೆ ಎಲ್ಲೋ ಇಲ್ಲವಾಗುತ್ತದೆ. ಉಳಿದದ್ದು ಇನ್ನೊಬ್ಬ ಅಣ್ಣನ ಕಥೆ. ಕೊರತೆಯನ್ನು ಮುಚ್ಚದೆ ಬಿಟ್ಟದ್ದರಿಂದ ಆ ಚಿತ್ರಕ್ಕೆ ಒಂದು ಬಗೆಯ ಕತ್ತಲೆ ಬಂದಿದೆ, ಶಾ ಬ್ರದರ್ಸ್‌ನ ಇನ್ನಾವ ಚಿತ್ರದಲ್ಲೂ ನಾನು ಅದನ್ನು ಕಂಡಿಲ್ಲ. ಚಿತ್ರ ಬಂದದ್ದು 1984ರಲ್ಲಿ. ಅದಾಗಿ ಒಂದೆರಡು ವರ್ಷಕ್ಕೆ ಶಾ ಬ್ರದರ್ಸ್ ಸಿನಿಮಾ ತಯಾರಿಕೆ ಕೈಬಿಟ್ಟು ಟೆಲಿವಿಷನ್ ಕಡೆ ಹೊರಳಿತು.

ಚೆಯುಂಗ್‌ಗೆ ಅದೇ ಹೊತ್ತು ಸುಗ್ಗಿಯ ಕಾಲ. 1983ರ ‘ಪ್ರಾಜೆಕ್ಟ್ ಎ’ಯಲ್ಲಿ ಜಾಕಿ ಗಡಿಯಾರ ಗೋಪುರದ ಮುಳ್ಳಿನಿಂದ ಜಾರಿ, ಎರಡು ಬಟ್ಟೆಯ ಚಪ್ಪರ ಹರಿದುಕೊಂಡು ನೆಲಕ್ಕೆ ಬೀಳುತ್ತಾನೆ. ಚಿತ್ರದಲ್ಲಿ ಅವನು ಎರಡು ಸಲ ಬೀಳುತ್ತಾನೆ, ಎರಡು ಬೇರೆ ಬೇರೆ ಟೇಕುಗಳು ಒಂದರ ಹಿಂದೊಂದು. ಕಥೆಯ ಪ್ರಕಾರ ಬಿದ್ದದ್ದು ಒಂದೇ ಸಲ, ಆದರೂ ಯಾರೂ ತಕರಾರು ತೆಗೆಯಲಿಲ್ಲ. 1985ರ ‘ಪೊಲೀಸ್ ಸ್ಟೋರಿ’ಯಲ್ಲಿ ಇದು ಇನ್ನೂ ಮುಂದಕ್ಕೆ ಹೋಯಿತು. ಅಂಗಡಿ ಸಂಕೀರ್ಣದ ನಡುವೆ ದೀಪದ ಮಾಲೆ ಸುತ್ತಿದ ಕಂಬ ಹಿಡಿದು ಜಾಕಿ ಕೆಳಗೆ ಜಾರುತ್ತಾನೆ, ಬಲ್ಬುಗಳು ಸಿಡಿಯುತ್ತವೆ, ಗಾಜಿನ ಮಾಡು ಒಡೆದು ಬೀಳುತ್ತಾನೆ. ಅಂಗೈ ಸುಟ್ಟುಹೋಯಿತು. ಚಿತ್ರ ಆ ಜಾರುವಿಕೆಯನ್ನು ಬೇರೆ ಬೇರೆ ಕೋನಗಳಿಂದ ಮೂರು ಸಲ ತೋರಿಸುತ್ತದೆ. ‘ನೋಡಿ, ಇದು ಡೂಪ್ ಅಲ್ಲ, ಮೋಸ ಅಲ್ಲ’ ಎಂದು ಸಾಕ್ಷಿ ನುಡಿಸಿದಂತೆ. ನಮ್ಮ ಸಿನಿಮಾಗಳಲ್ಲೂ ನಾಯಕನ ಏಟು ಮೂರು ಕಡೆಯಿಂದ ಮೂರು ಸಲ ಬೀಳುವುದುಂಟು. ಅಲ್ಲಿ ಮೂರೂ ಸಲ ಹೊಗಳುವುದು ನಾಯಕನನ್ನು. ಇಲ್ಲಿ ತೋರಿಸುವುದು ಎತ್ತರವನ್ನು.

‘ಪೊಲೀಸ್ ಸ್ಟೋರಿ’ ಹುಟ್ಟಿದ್ದೇ ಒಂದು ಸಿಟ್ಟಿನಿಂದ. ಅದಕ್ಕೆ ಮೊದಲು ಜಾಕಿ ಅಮೆರಿಕದ ನಿರ್ದೇಶಕ ಜೇಮ್ಸ್ ಗ್ಲಿಕೆನ್‌ಹಾಸ್ ಜೊತೆ ‘ದಿ ಪ್ರೊಟೆಕ್ಟರ್’ ಮಾಡಿದ್ದ. ಹೊಡೆದಾಟಗಳು ಅಮೆರಿಕದ ರೀತಿಯಲ್ಲಿ ತೆಗೆದವು, ಅಮೆರಿಕದ ರೀತಿಯಲ್ಲಿ ಕತ್ತರಿಸಿದವು. ಜಾಕಿಗೆ ಸಹಿಸಲಾಗಲಿಲ್ಲ. ಹಾಂಗ್‌ಕಾಂಗಿಗೆ ಬಂದು ಕೆಲವು ದೃಶ್ಯ ಹೊಸದಾಗಿ ತೆಗೆದು, ಕಾಳಗಗಳನ್ನು ಮತ್ತೆ ಜೋಡಿಸಿ ಅಲ್ಲಿಗೆ ಬೇರೆಯೇ ಆವೃತ್ತಿ ಬಿಡುಗಡೆ ಮಾಡಿದ. ಎರಡನ್ನೂ ಒಟ್ಟಿಗೆ ನೋಡಿದರೆ ಈ ಲೇಖನದ ಅಗತ್ಯವೇ ಇರುವುದಿಲ್ಲ. ಅದೇ ಮನುಷ್ಯ, ಅದೇ ಎದುರಾಳಿ. ಒಂದರಲ್ಲಿ ಇಬ್ಬರು ಏದುಸಿರು ಬಿಡುತ್ತ ಗುದ್ದಾಡುತ್ತಾರೆ, ಇನ್ನೊಂದರಲ್ಲಿ ಕಾಳಗ ನಡೆಯುತ್ತದೆ.

ಕತ್ತರಿಸದೆ ಬಿಡುವುದೂ ಈ ಕಸಬಿನೊಳಗೇ ಬರುತ್ತದೆ. ಸ್ಪೇನಿನಲ್ಲಿ ತೆಗೆದ 1984ರ ‘ವ್ಹೀಲ್ಸ್ ಆನ್ ಮೀಲ್ಸ್’ನಲ್ಲಿ ಅಮೆರಿಕದ ಕಿಕ್‌ಬಾಕ್ಸರ್ ಬೆನ್ನಿ ಉರ್ಕಿಡೆಜ್ ಬೀಸಿದ ಒದೆತದ ಗಾಳಿಗೇ ಸಾಲು ಮೇಣದಬತ್ತಿಗಳು ಆರುತ್ತವೆ. ಆ ಶಾಟ್‌ನಲ್ಲಿ ಕತ್ತರಿ ಇಲ್ಲ. ನಡುವೆ ಒಂದು ಕಟ್ ಬಿದ್ದಿದ್ದರೂ ಜನ ನಂಬುತ್ತಿರಲಿಲ್ಲ.

ನಂಬುತ್ತಾರೋ ಇಲ್ಲವೋ ಎಂದು ತಿಳಿಯುವ ದಾರಿಯೂ ಹಾಂಗ್‌ಕಾಂಗಿನಲ್ಲಿತ್ತು. ಬಿಡುಗಡೆಗೆ ಮುಂಚೆ ನಡುರಾತ್ರಿಯ ಪ್ರದರ್ಶನಗಳು ಇರುತ್ತಿದ್ದವು. ಚಿತ್ರ ಮಾಡಿದವರೂ ಹೋಗಿ ಕೂರುತ್ತಿದ್ದರು. ಬೇಸರವಾದರೆ ಪ್ರೇಕ್ಷಕರು ಮುಲಾಜಿಲ್ಲದೆ ಬೈಯುತ್ತಿದ್ದರು. ಬೈಸಿಕೊಂಡವರು ಎದ್ದು ಸಂಕಲನ ಕೋಣೆಗೆ ಹೋಗಿ ರೀಲು ತಿದ್ದುತ್ತಿದ್ದರು. ವಿಮರ್ಶಕರಿಗೆ ಹೆದರದ ನಿರ್ದೇಶಕರೂ ಈ ನಡುರಾತ್ರಿಯ ಜನಕ್ಕೆ ಹೆದರುತ್ತಿದ್ದರು.

1994ರ ‘ಡ್ರಂಕನ್ ಮಾಸ್ಟರ್ 2’ನಲ್ಲಿ ಎರಡು ಮನೆತನಗಳು ಒಂದಾದವು. ನಿರ್ದೇಶಕರು ಶಾ ಬ್ರದರ್ಸ್‌ನ ಹಳಬ ಲಾವ್ ಕಾರ್‌ಲಿಯುಂಗ್, ನಾಯಕ ಜಾಕಿ, ಸಂಕಲನ ಚೆಯುಂಗ್. ಲಾವ್ ಮತ್ತು ಜಾಕಿಗೆ ಹೊಂದಲಿಲ್ಲ, ಲಾವ್ ನಡುವೆ ಹೊರನಡೆದರು. ಕೊನೆಯ ಕಾಳಗದಲ್ಲಿ ಜಾಕಿ ಕೆಂಡದ ಮೇಲೆ ತೆವಳುತ್ತಾನೆ. ಲಾವ್ ಹೆಣೆದ ಶಾಸ್ತ್ರೀಯ ವರಸೆಯೂ ಜಾಕಿಯ ಬೀದಿ ಚೇಷ್ಟೆಯೂ ಬೇರೆ ಬೇರೆ ಭಾಗಗಳಲ್ಲಿ ಕಾಣುತ್ತವೆ, ಆದರೂ ಚಿತ್ರ ಒಂದೇ ಉಸಿರಿನಲ್ಲಿ ಓಡುತ್ತದೆ. 2000ದಲ್ಲಿ ಅಮೆರಿಕದ ಹಂಚಿಕೆದಾರರು ಅದಕ್ಕೆ ಇಂಗ್ಲಿಷ್ ಮಾತು, ಹೊಸ ಸಂಗೀತ ಹಾಕಿ, ಕೊನೆಯ ಪುಟ್ಟ ದೃಶ್ಯವನ್ನು ಕಿತ್ತು ಬಿಡುಗಡೆ ಮಾಡಿದರು. ಕಾಳಗಗಳಲ್ಲಿ ಮಾತ್ರ ಏನನ್ನೂ ತಿದ್ದಿ ಸುಧಾರಿಸಲು ಅವರಿಗೆ ಸಿಗಲಿಲ್ಲ.

ಶಾ ಬ್ರದರ್ಸ್‌ನ ಸುಮಾರು 760 ಚಿತ್ರಗಳನ್ನು 2000ದಲ್ಲಿ ಸೆಲೆಸ್ಟಿಯಲ್ ಎಂಬ ಸಂಸ್ಥೆ ಕೊಂಡು ಒಂದೊಂದಾಗಿ ಶುಚಿಗೊಳಿಸಿತು. ಹಾಗಾಗಿ ಚಿಯಾಂಗ್ ಕೆಲಸವನ್ನು ಗೀಚುಗಳಿಲ್ಲದೆ ಇವತ್ತು ನೋಡಬಹುದು. ಜಾಕಿ ಚಿತ್ರಗಳಂತೂ ಎಲ್ಲ ಕಡೆ ಸಿಗುತ್ತವೆ. ಅವುಗಳ ಕೊನೆಯಲ್ಲಿ ಹೆಸರುಗಳ ಜೊತೆ ತಪ್ಪಿದ ಟೇಕುಗಳು, ಬಿದ್ದು ಮೈಮುರಿದುಕೊಂಡ ದೃಶ್ಯಗಳು ಓಡುತ್ತವೆ. ಎಲ್ಲರೂ ಅವನ್ನೇ ನೋಡಿ ನಗುತ್ತಾರೆ. ಅವೆಲ್ಲ ಚೆಯುಂಗ್ ಮೇಜಿನಿಂದ ಕೆಳಗೆ ಬಿದ್ದ ತುಂಡುಗಳು. ಮುಂದಿನ ಸಲ ‘ಪೊಲೀಸ್ ಸ್ಟೋರಿ’ ಕೈಗೆ ಸಿಕ್ಕರೆ ಅಂಗಡಿಯೊಳಗಿನ ಕಾಳಗವನ್ನು ಒಮ್ಮೆ ಶಬ್ದ ಆರಿಸಿ, ಒಂದೊಂದೇ ಫ್ರೇಮು ಮುಂದೆ ಸರಿಸುತ್ತ ನೋಡಿ. ಗಾಜು ಒಡೆಯುವ ಜಾಗಗಳಲ್ಲಿ ಆ ಎರಡು ಮೂರು ಹೆಚ್ಚುವರಿ ಫ್ರೇಮುಗಳು ನಿಮಗೇ ಸಿಗುತ್ತವೆ.